ಇಂಗಿನ ಡಬ್ಬಿಯ ಹಿಂದಿನ ನಾಡು

ಇಂಗು ತೆಂಗು ಇದ್ದರೆ ಮಂಗನೂ ಅಡುಗೆ ಮಾಡೀತೆಂಬ ಗಾದೆಯನ್ನು ಅರಿಯದವರು ನಮ್ಮಲ್ಲಿ ಇಲ್ಲ. ತೆಂಗು ನಮ್ಮ ಹಿತ್ತಿಲಿನದು. ಅದರ ಕುಲಗೋತ್ರವನ್ನು ಯಾರೂ ಕೇಳಬೇಕಾಗಿಲ್ಲ. ಇಂಗು ಎಲ್ಲಿಯದು? ಮಲಾಡ್ ಸ್ಟೇಷನ್ನಿನ ಆಸುಪಾಸಿನಲ್ಲಿರುವ ನಮ್ಮವರ ಹೋಟೆಲೊಂದರಲ್ಲಿ, ಬೆಳಗಿನ ಜಾವ ಒಲೆ ಹೊತ್ತಿ ಸಾಂಬಾರಿಗೆ ಒಗ್ಗರಣೆ ಬೀಳುವ ಹೊತ್ತಿಗೆ, ಬೀದಿಯವರೆಗೂ ಹರಡುವ ಆ ಘಾಟು ಯಾವ ಮಣ್ಣಿನದೆಂದು ಅಡುಗೆಯ ಭಟ್ಟರನ್ನು ನಾವು ಕೇಳಿದೆವು. ‘ಸೋಮವಾರ ಬಾಜಾರಿನದು’ ಎಂದು ಉತ್ತರ ಬಂದಿತು. ಬಾಜಾರಿನ ಕಿರಾಣಿ ಅಂಗಡಿಯವರು ಮಾತ್ರ ಒಂದು ಹೆಜ್ಜೆ ಮುಂದೆ ಹೋಗಿ, ‘ಒಳ್ಳೆಯ ಮಾಲು, ಕಾಬೂಲಿ’ ಎಂದರು.

ಅಂಗಡಿಯವರ ಮಾತು ಸುಳ್ಳಲ್ಲ. ಕೊತ್ತಂಬರಿ, ಸೋಂಪುಗಳ ವಂಶಕ್ಕೆ ಸೇರಿದ ಒಂದು ಗಿಡವು ಅಫ್ಘಾನಿಸ್ತಾನದ ಒಣ ಬೆಟ್ಟಗಳ ಇಳಿಜಾರಿನಲ್ಲಿ ನಾಲ್ಕೈದು ವರ್ಷ ಬೆಳೆದ ಮೇಲೆ, ಅದರ ಬೇರಿನ ತಲೆಯನ್ನು ಕೊಯ್ದು, ಒಸರುವ ಹಾಲನ್ನು ದಿನದಿನವೂ ಕೆರೆದು ತೆಗೆಯುತ್ತಾರೆ. ಆ ಹಾಲು ಗಟ್ಟಿಯಾದರೆ ಇಂಗು. ಇಲ್ಲಿಗೆ ಬಂದ ಮೇಲೆ ಅದಕ್ಕೆ ಗೋಧಿಹಿಟ್ಟನ್ನೂ ಗೋಂದನ್ನೂ ಬೆರೆಸಿ ಡಬ್ಬಿಗೆ ತುಂಬುತ್ತಾರೆ. 2020ರವರೆಗಿನ ಸರಕಾರಿ ಲೆಕ್ಕದಂತೆ ಭಾರತವು ವರ್ಷಕ್ಕೆ ಸುಮಾರು 1,200 ಟನ್ ಕಚ್ಚಾ ಇಂಗನ್ನು ಅಫ್ಘಾನಿಸ್ತಾನ, ಇರಾನ್, ಉಜ್ಬೇಕಿಸ್ತಾನಗಳಿಂದ ತರಿಸಿಕೊಳ್ಳುತ್ತಿದ್ದಿತು. ನಮ್ಮ ನೆಲದಲ್ಲಿ ಇದನ್ನು ಬೆಳೆಸುವ ಯತ್ನವಾಗಿ ಮೊದಲ ಸಸಿ ಊರಿದ್ದು 2020ರ ಅಕ್ಟೋಬರಿನಲ್ಲಿ, ಹಿಮಾಚಲದ ಲಾಹೌಲ್ ಕಣಿವೆಯಲ್ಲಿ. ಅಂದರೆ, ಉಡುಪಿಯ ಅಡುಗೆಯೆಂದು ಜಗತ್ತಿಗೆಲ್ಲ ನಾವು ಹೆಮ್ಮೆಯಿಂದ ಬಡಿಸುತ್ತ ಬಂದ ಸಾರಿನ ಪರಿಮಳಕ್ಕೆ ತಲೆಮಾರುಗಳಿಂದ ನಾವು ಒಂದು ಪರದೇಶದ ಬೆಟ್ಟಗಾಡಿನ ಬಡವರಿಗೆ ಋಣಿಗಳಾಗಿದ್ದೇವೆ.

ಆ ಬಡವರ ಪಾಡೇನು? 2021ರ ಆಗಸ್ಟಿನಲ್ಲಿ ಕಾಬೂಲಿನ ಸುದ್ದಿಯು ಎಲ್ಲ ಪತ್ರಿಕೆಗಳ ಮೊದಲ ಪುಟವನ್ನು ತುಂಬಿದ್ದಿತು. ಮುಂಬಯಿಯಲ್ಲಿ ಬಾದಾಮಿ, ಅಂಜೂರಗಳ ಬೆಲೆ ಏರಿದಾಗ ಗುಮಾಸ್ತರ ಮನೆಗಳಲ್ಲಿಯೂ ಆ ಮಾತು ಬಂದಿತು. ಬಳಿಕ ಬೆಲೆ ಇಳಿಯಿತು, ಸುದ್ದಿ ಹಿಂದಿನ ಪುಟಕ್ಕೆ ಸರಿಯಿತು. ಸುದ್ದಿ ನಿಂತಿತೆಂದರೆ ಸಂಕಟ ನಿಂತಿತೆಂದು ಅರ್ಥವಲ್ಲವಷ್ಟೆ. ಆ ನಾಡಿಗೆ ದಂಡೆತ್ತಿ ಹೋದವರು ಒಬ್ಬೊಬ್ಬರಾಗಿ ಹಿಂತಿರುಗಿದ ಮೇಲೆ ಅಲ್ಲಿ ಉಳಿದುದೇನೆಂಬುದನ್ನು ವಾಚಕರ ಮುಂದಿಡಲು ಈ ಲೇಖನವನ್ನು ಬರೆಯುತ್ತಿದ್ದೇವೆ. ಇದು ದೂರದವರ ಕತೆಯೆಂದು ಪುಟ ಮಗುಚುವ ಮುನ್ನ, ಕನ್ನಡ ನಾಡಿಗೂ ಈ ಮುಂಬಯಿಗೂ ಆ ಕತೆಯಲ್ಲಿ ಪಾತ್ರವುಂಟೆಂಬುದನ್ನು ಹೇಳಿಬಿಡುವೆವು.

ಶ್ರೀರಂಗಪಟ್ಟಣದಿಂದ ಟಿಪ್ಪು ಸುಲ್ತಾನನು 1796ರಲ್ಲಿ ಇಬ್ಬರು ದೂತರನ್ನು ಕಾಬೂಲಿಗೆ ಕಳುಹಿಸಿದನು. ಆಗ ಅಲ್ಲಿ ಆಳುತ್ತಿದ್ದವನು ಜಮಾನ್ ಶಾಹ. ಪಾಣಿಪತದಲ್ಲಿ ಮರಾಠರನ್ನು ಮುರಿದ ಅಹಮದ್ ಶಾಹ ಅಬ್ದಾಲಿಯ ಮೊಮ್ಮಗ. ಅವನು ಉತ್ತರದಿಂದ ಇಳಿದರೆ ಆಂಗ್ಲರ ಬಲವು ಇಬ್ಭಾಗವಾಗುವುದೆಂಬುದು ಟಿಪ್ಪುವಿನ ಎಣಿಕೆ. ಜಮಾನ್ ಶಾಹನು 1798ರ ಕೊನೆಯ ವೇಳೆಗೆ ಲಾಹೋರಿನವರೆಗೂ ಬಂದನು. ಇತ್ತ ಕಂಪೆನಿಯವರು ಸುಮ್ಮನಿರಲಿಲ್ಲ. ಮುಂಬಯಿಯ ಗವರ್ನರ್ ಜೊನಾಥನ್ ಡಂಕನ್ನನ ಕಡೆಯಿಂದ ಮೆಹದಿ ಅಲಿ ಖಾನನೆಂಬ ದೂತನು ಪರ್ಶಿಯಾದ ದರ್ಬಾರಿಗೆ ಹೋಗಿ, ಅಫ್ಘಾನರನ್ನು ಬೆನ್ನಿನ ಕಡೆಯಿಂದ ಕೆಣಕುವಂತೆ ಅಲ್ಲಿಯ ಶಾಹನನ್ನು ಪ್ರೇರಿಸಿದನು. ಸ್ವಂತ ಸೋದರನ ಬಂಡಾಯವೊಂದು ಕಡೆ, ಪರ್ಶಿಯನ್ನರ ಭಯವೊಂದು ಕಡೆಯಾಗಿ, 1799ರ ಜನವರಿಯಲ್ಲಿ ಜಮಾನ್ ಶಾಹನು ಲಾಹೋರಿನಿಂದ ಹಿಂತಿರುಗಿದನು. ಅದೇ ವರ್ಷ ಮೇ 4ರಂದು ಶ್ರೀರಂಗಪಟ್ಟಣ ಬಿದ್ದಿತು. ಮರುಗಳಿಗೆಯಲ್ಲಿ ಕಾಬೂಲಿನ ಮನೆಯೂ ಒಡೆಯಿತು. ಸೋದರರ ಕಲಹದಲ್ಲಿ ಸಿಂಹಾಸನವನ್ನೂ ಎರಡು ಕಣ್ಣುಗಳನ್ನೂ ಕಳೆದುಕೊಂಡ ಜಮಾನ್ ಶಾಹನು ಕೊನೆಗೆ ಲೂಧಿಯಾನದಲ್ಲಿ ಕಂಪೆನಿಯ ಪಿಂಚಣಿ ಉಣ್ಣುತ್ತ ಬಾಳಿದನು. ಅಫ್ಘಾನರ ಮನೆಜಗಳದಲ್ಲಿ ಪರದೇಶೀಯರು ಕೈಯಿಟ್ಟ ಮೊದಲ ಪ್ರಸಂಗಗಳಲ್ಲೊಂದು ನಮ್ಮ ಕಾವೇರಿಯ ನಡುಗಡ್ಡೆಯೊಂದಿಗೆ ಹೀಗೆ ಹೆಣೆದುಕೊಂಡಿದೆ.

ಎರಡನೆಯ ಪ್ರಸಂಗವನ್ನು ನೋಡಬಯಸುವವರು ರಜೆಯ ದಿನ ಮಲಾಡಿನಿಂದ ಚರ್ಚ್‌ಗೇಟಿಗೆ ಲೋಕಲ್ ಹಿಡಿದು, ಅಲ್ಲಿಂದ ಕೊಲಾಬಾದ ನೇವಿ ನಗರದ ಕಡೆಗೆ ಬಸ್ಸಿನಲ್ಲಿ ಹೋಗಬಹುದು. ಎತ್ತರದ ಗೋಪುರದ ಒಂದು ಇಗರ್ಜಿ ಅಲ್ಲಿದೆ. ಸಂತ ಯೋಹಾನನ ಹೆಸರಿನದಾದರೂ ಜನರು ಅದನ್ನು ಕರೆಯುವುದು ಅಫ್ಘಾನ್ ಚರ್ಚ್ ಎಂದೇ. 1858ರಲ್ಲಿ ಅದರ ಪ್ರತಿಷ್ಠೆಯಾಯಿತು. ಸಿಂಧ್ ಮತ್ತು ಅಫ್ಘಾನಿಸ್ತಾನದ ಯುದ್ಧಗಳಲ್ಲಿ ಮಡಿದವರ ಸ್ಮಾರಕವದು. ಸೇನಾಧಿಕಾರಿಗಳ ಹೆಸರುಗಳನ್ನು ಗೋಡೆಯ ಮೇಲೆ ಬರೆದಿದ್ದಾರೆ. ಸಾಮಾನ್ಯ ಸಿಪಾಯಿಗಳ ಸಂಖ್ಯೆ ಬಹಳವಾದುದರಿಂದ ಅವರ ಹೆಸರುಗಳನ್ನು ಬರೆಯಲಾಗಲಿಲ್ಲವೆಂಬ ಅರ್ಥದ ಒಕ್ಕಣೆ ಅಲ್ಲಿಯೇ ಇದೆ. ಯಾರ ಮನೆಗಳಿಗೆ ಅವರು ದಂಡೆತ್ತಿ ಹೋದರೋ ಆ ಮನೆಯವರ ಸುದ್ದಿಯನ್ನಂತೂ ಆ ಗೋಡೆಗಳ ಮೇಲೆ ನಾವು ಹುಡುಕುವುದು ವ್ಯರ್ಥ.

ಆ ಯುದ್ಧಕ್ಕೆ ಮುಂಬಯಿಯ ದಂಡು ಸರ್ ಜಾನ್ ಕೀನನ ಮುಂದಾಳುತನದಲ್ಲಿ 1838ರ ಕೊನೆಗೆ ಇದೇ ಬಂದರದಿಂದ ಹಡಗೇರಿ ಹೋಯಿತು. ಜಮಾನ್ ಶಾಹನ ತಮ್ಮನಾದ ಶಾಹ ಶೂಜನನ್ನು ಲೂಧಿಯಾನದಿಂದ ಕರೆದೊಯ್ದು ಕಾಬೂಲಿನ ಗದ್ದುಗೆಯ ಮೇಲೆ ಕೂರಿಸುವುದು ಉದ್ದೇಶ. ರಷ್ಯದವರು ಬಂದಾರೆಂಬ ಭಯ ಅದರ ಕಾರಣ. 1839ರ ಆಗಸ್ಟಿನಲ್ಲಿ ಕೂರಿಸಿಯೂ ಆಯಿತು. ಎರಡೂವರೆ ವರ್ಷಗಳಲ್ಲಿ ಜನರು ದಂಗೆಯೆದ್ದರು. 1842ರ ಜನವರಿ 6ರಂದು ಸುಮಾರು 4,500 ಸೈನಿಕರೂ 12,000 ಮಂದಿ ಪಾಳೆಯದ ಪರಿವಾರದವರೂ ಹಿಮದ ನಡುವೆ ಕಾಬೂಲಿನಿಂದ ಹೊರಟರು. ಒಂದು ವಾರದ ಮೇಲೆ ಜಲಾಲಾಬಾದಿನ ಕೋಟೆಗೆ ತಲುಪಿದ ಆಂಗ್ಲನು ಬ್ರೈಡನ್ ಎಂಬ ವೈದ್ಯನೊಬ್ಬನೇ. ದಣಿದ ಕುದುರೆಯ ಮೇಲೆ ಅವನು ಬಂದ ಚಿತ್ರವನ್ನು ಇತಿಹಾಸದ ಪುಸ್ತಕಗಳು ಬಹಳ ಕರುಣೆಯಿಂದ ಬರೆದಿವೆ.

ಆದರೆ ಆ ಹನ್ನೆರಡು ಸಾವಿರ ಮಂದಿ ಯಾರು? ಅಡುಗೆಯವರು, ನೀರು ಹೊರುವವರು, ಅಗಸರು, ಕುದುರೆಗೆ ಹುಲ್ಲು ಹಾಕುವವರು, ಅವರ ಹೆಂಡಿರು ಮಕ್ಕಳು. ಹಿಂದೂಸ್ತಾನದಿಂದ ಹೊಟ್ಟೆಪಾಡಿಗಾಗಿ ದಂಡಿನ ಹಿಂದೆ ಹೋದವರು. ಹಿಮದಲ್ಲಿ ಕೈಕಾಲು ಸೆಟೆದು ಸತ್ತವರೆಷ್ಟೋ. ಉಳಿದವರಲ್ಲಿ ಗುಲಾಮರಾಗಿ ಮಾರಾಟವಾದವರುಂಟು, ಕಾಬೂಲಿನ ಬೀದಿಗಳಲ್ಲಿ ಮೊಂಡುಗೈ ಚಾಚಿ ಬೇಡಿದವರುಂಟು. ಸೊಂಟಕ್ಕೆ ಪಂಚೆ ಬಿಗಿದು ಪರಸ್ಥಳದ ಅಡುಗೆಮನೆಗಳಲ್ಲಿ ಬದುಕು ಕಂಡುಕೊಂಡ ನಾವು, ಆ ಇತಿಹಾಸದಲ್ಲಿ ವೈದ್ಯ ಬ್ರೈಡನ್ನನಿಗಿಂತ ಹತ್ತಿರದ ನೆಂಟರನ್ನು ಕಾಣಬೇಕಾದುದು ಇವರಲ್ಲಿ. ಅದೇ ವರ್ಷದ ಶರತ್ಕಾಲದಲ್ಲಿ ಸೇಡಿನ ಸೈನ್ಯವೊಂದು ಹೋಗಿ ಕಾಬೂಲಿನ ದೊಡ್ಡ ಬಾಜಾರನ್ನು ಸುಟ್ಟಿತು. ಇಸ್ತಾಲಿಫ್ ಎಂಬ ಹಣ್ಣಿನ ತೋಟಗಳ ಊರನ್ನು ಹಾಳುಗೆಡವಿತು. ಸೇಡು ತೀರಿದ ಮೇಲೆ ಎಲ್ಲರೂ ಹಿಂತಿರುಗಿದರು. ಮೊದಲು ಯಾರನ್ನು ಇಳಿಸಿದ್ದರೋ ಆ ದೋಸ್ತ್ ಮಹಮ್ಮದನೇ ಮತ್ತೆ ಗದ್ದುಗೆಯೇರಿದನು! ಯಾವ ಪುರುಷಾರ್ಥಕ್ಕಾಗಿ ಇಷ್ಟೆಲ್ಲ ನಡೆಯಿತೆಂದು ಕೇಳುವವರಿಲ್ಲ.

1878ರಿಂದ 1880ರವರೆಗೆ ಮತ್ತೊಂದು ಯುದ್ಧ; 1893ರಲ್ಲಿ ಡ್ಯುರಾಂಡನು ಎಳೆಸಿದ ಗೆರೆಯಿಂದ ಒಂದೇ ಪಠಾಣ ಕುಲವು ಎರಡು ರಾಜ್ಯಗಳಲ್ಲಿ ಹಂಚಿಹೋಯಿತು; 1919ರಲ್ಲಿ ಮೂರನೆಯ ಯುದ್ಧವಾಗಿ ಅಫ್ಘಾನರು ತಮ್ಮ ಪರರಾಷ್ಟ್ರ ವ್ಯವಹಾರವನ್ನು ತಾವೇ ನಡೆಸುವ ಹಕ್ಕನ್ನು ಪಡೆದರು. ಇವುಗಳ ವಿವರಕ್ಕೆ ಇಲ್ಲಿ ಎಡೆಯಿಲ್ಲ.

ಅಫ್ಘಾನರು ನಿರಪರಾಧಿಗಳಾದ ಸಾಧುಗಳೆಂದು ನಾವು ಹೇಳುತ್ತಿಲ್ಲ. 1761ರ ಪಾಣಿಪತದ ಗಾಯವನ್ನು ಈ ಮಹಾರಾಷ್ಟ್ರದಲ್ಲಿ ಇನ್ನೂ ಮರೆತಿಲ್ಲ. ಮುಂಬಯಿಯ ಹಳಬರಿಗೆ ಪಠಾಣನೆಂದರೆ ಪಗಾರದ ದಿನ ಗಿರಣಿಯ ಬಾಗಿಲಲ್ಲಿ ಕೋಲು ಹಿಡಿದು ನಿಂತು ಬಡ್ಡಿ ಎಣಿಸಿಕೊಳ್ಳುತ್ತಿದ್ದವನು. 1929ರ ಫೆಬ್ರವರಿಯಲ್ಲಿ, ಪಠಾಣರು ಮಕ್ಕಳನ್ನು ಕದ್ದೊಯ್ಯುತ್ತಾರೆಂಬ ಬುಡವಿಲ್ಲದ ಗಾಳಿಮಾತಿನಿಂದ ಈ ಪಟ್ಟಣದಲ್ಲಿ ದಂಗೆಯಾಗಿ ನೂರಕ್ಕೂ ಮಿಕ್ಕಿ ಜನರು ಸತ್ತರು. ನಮ್ಮ ಮನಸ್ಸಿನಲ್ಲಿ ಬೇರೂರಿದ ಪಠಾಣನ ಚಿತ್ರ ಇಂಥದು. ಬೆಟ್ಟದ ಊರಿನಲ್ಲಿ ನೀರು ಹಂಚಿಕೊಂಡು, ದ್ರಾಕ್ಷಿ ಒಣಗಿಸಿ, ಮಗಳ ಮದುವೆಗೆ ಹಣ ಕೂಡಿಡುತ್ತಿದ್ದ ಅಫ್ಘಾನನನ್ನು ನಾವು ಕಂಡವರಲ್ಲ.

ಆ ಅಫ್ಘಾನನ ಬಾಳನ್ನು ಬುಡಮೇಲು ಮಾಡಿದುದು 1979ರ ಡಿಸೆಂಬರಿನ ಕೊನೆಯ ವಾರ. ಕಾಬೂಲಿನಲ್ಲಿ ಕಮ್ಯುನಿಸ್ಟರು ತಮ್ಮತಮ್ಮಲ್ಲಿಯೇ ಕಡಿದಾಡುತ್ತಿರಲಾಗಿ, ಸೋವಿಯೆತ್ ಸೈನ್ಯವು ಗಡಿ ದಾಟಿತು. ಎದುರು ಪಕ್ಷಕ್ಕೆ ಅಮೇರಿಕ, ಸೌದಿ ಅರೇಬಿಯಾಗಳ ಹಣ ಮತ್ತು ಆಯುಧಗಳು ಪಾಕಿಸ್ತಾನದ ಮೂಲಕ ಹರಿದುಬಂದವು. 1980ರ ಜನವರಿಯಲ್ಲಿ ವಿಶ್ವಸಂಸ್ಥೆಯಲ್ಲಿ ಸೈನ್ಯ ಹಿಂತಿರುಗಲೆಂಬ ಗೊತ್ತುವಳಿಯು ಮತಕ್ಕೆ ಬಂದಾಗ ಭಾರತವು ಯಾವ ಕಡೆಗೂ ಮತವೀಯದೆ ಉಳಿಯಿತು. ಆ ಮೌನವು ನಮಗೆ ಭೂಷಣವಾಗಿರಲಿಲ್ಲ. 1989ರ ಫೆಬ್ರವರಿ 15ರಂದು ಕೊನೆಯ ಸೋವಿಯೆತ್ ದಳವು ಹಿಂತಿರುಗಿತು. ಅವರ ಕಡೆ ಮಡಿದವರು ಸುಮಾರು 15,000. ಅಫ್ಘಾನರಲ್ಲಿ ಹತ್ತು ಲಕ್ಷವೆಂದು ಸಾಮಾನ್ಯವಾಗಿ ಹೇಳುತ್ತಾರೆ. ಐದು ಲಕ್ಷವೆನ್ನುವವರೂ ಉಂಟು, ಇಪ್ಪತ್ತು ಲಕ್ಷವೆನ್ನುವವರೂ ಉಂಟು. ಒಂದು ಜನಾಂಗದ ಸಾವಿನ ಲೆಕ್ಕದಲ್ಲಿ ಹದಿನೈದು ಲಕ್ಷದ ಅಂತರವಿರುವುದೆಂದರೆ, ಆ ಸಾವುಗಳನ್ನು ಎಣಿಸುವ ಗೋಜಿಗೆ ಯಾರೂ ಹೋಗಲಿಲ್ಲವೆಂದೇ ಅರ್ಥ.

ಸತ್ತವರ ಮಾತು ಹಾಗಿರಲಿ. ಬದುಕುಳಿದವರ ನೀರಿನ ಗತಿಯನ್ನು ಕೇಳಿರಿ. ಕಾಸರಗೋಡು, ದಕ್ಷಿಣ ಕನ್ನಡಗಳ ವಾಚಕರಿಗೆ ಸುರಂಗವೆಂದರೆ ವಿವರಿಸಬೇಕಾಗಿಲ್ಲ. ಮುರಕಲ್ಲಿನ ಗುಡ್ಡದ ಹೊಟ್ಟೆಗೆ ಅಡ್ಡಲಾಗಿ ಕೊರೆದು, ಒಳಗಿನ ಒರತೆಯನ್ನು ಅಡಕೆ ತೋಟಕ್ಕೆ ಇಳಿಸುವ ಆ ವಿದ್ಯೆ ನಮ್ಮ ಅಜ್ಜಂದಿರದು. ಬೀದರಿನವರಿಗೆ ನೌಬಾದಿನ ಕರೇಜು ಗೊತ್ತಿರಬೇಕು: ನೆಲದಡಿಯಲ್ಲಿ ಉದ್ದಕ್ಕೆ ಕಾಲುವೆ, ಅಲ್ಲಲ್ಲಿ ಮೇಲಕ್ಕೆ ಗಾಳಿಬಾವಿಗಳು, ಬಹಮನಿಗಳ ಕಾಲದಲ್ಲಿ, ಹದಿನೈದನೆಯ ಶತಮಾನದಲ್ಲಿ, ಪರ್ಶಿಯದ ಕಡೆಯಿಂದ ಬಂದ ವಿದ್ಯೆ. ಇದೇ ಕರೇಜು ಅಫ್ಘಾನಿಸ್ತಾನದ ದಕ್ಷಿಣ ಪೂರ್ವ ಪ್ರಾಂತಗಳ ಜೀವನಾಡಿ. ಬೆಟ್ಟದ ಬುಡದ ತಾಯಿಬಾವಿಯಿಂದ ಹೊರಟು, ಮೈಲುಗಟ್ಟಲೆ ಭೂಮಿಯೊಳಗೇ ಹರಿದು, ಹಳ್ಳಿಯ ಹತ್ತಿರ ಬೆಳಕು ಕಾಣುವ ಈ ನೀರಿಗೆ ಪಂಪು ಬೇಡ, ಎಣ್ಣೆ ಬೇಡ. ಯಾರ ಹೊಲಕ್ಕೆ ಎಷ್ಟು ಹೊತ್ತು ನೀರೆಂಬುದನ್ನು ತೀರ್ಮಾನಿಸಲು ಊರಿಗೊಬ್ಬ ಮೀರಾಬ್ ಎಂಬ ನೀರುಗಂಟಿ. ವರ್ಷವರ್ಷವೂ ಕೆಸರೆತ್ತಿ ಶುದ್ಧಿಮಾಡುವುದು ಊರೆಲ್ಲ ಕೂಡಿ ಮಾಡುವ ಕೆಲಸ.

ಯುದ್ಧದಲ್ಲಿ ಈ ಸುರಂಗಗಳೇ ವೈರವನ್ನು ತಂದುಕೊಂಡವು. ಬಂಡುಗಾರರು ಒಳಗೆ ಅಡಗುತ್ತಾರೆಂದು ಅವುಗಳ ಮೇಲೆ ಬಾಂಬು ಬಿದ್ದವು, ಗಾಳಿಬಾವಿಗಳನ್ನು ಮುಚ್ಚಿದರು. 1982ರ ಸೆಪ್ಟೆಂಬರಿನಲ್ಲಿ ಲೋಗರ್ ಪ್ರಾಂತದ ಪದ್‌ಖ್ವಾಬ್-ಎ-ಶಾನಾ ಎಂಬ ಹಳ್ಳಿಯಲ್ಲಿ ಸೈನಿಕರಿಗೆ ಹೆದರಿ ಕರೇಜಿನೊಳಗೆ ಅವಿತ 105 ಮಂದಿಯನ್ನು, ಮಕ್ಕಳೂ ಸೇರಿ, ಇಂಧನ ಸುರಿದು ಬೆಂಕಿಯಿಕ್ಕಿ ಕೊಂದರು. ಉಳಿದೆಡೆಗಳಲ್ಲಿ ಕೆಸರೆತ್ತುವ ಗಂಡಸರು ಒಂದೋ ಸತ್ತರು, ಇಲ್ಲವೆ ಗಡಿ ದಾಟಿ ಹೋದರು. ಹೂಳು ತುಂಬಿತು, ನೀರು ನಿಂತಿತು, ತೋಟ ಒಣಗಿತು. ಮಾವಿನ ಮರವನ್ನು ಕಡಿದರೆ ಹೊಸತು ಫಲ ಕೊಡಲು ಎಷ್ಟು ವರ್ಷ ಬೇಕೆಂಬುದನ್ನು ನಾವು ಬಲ್ಲೆವು. ದಾಳಿಂಬೆ, ಬಾದಾಮಿಗಳ ತೋಟವೂ ಹಾಗೆಯೇ. ಅಷ್ಟು ವರ್ಷ ಶಾಂತಿಯಿರುವುದೆಂಬ ಭರವಸೆಯಿಲ್ಲದವನು ಗಿಡ ನೆಡುವುದೆಂತು? ಅವನು ಅಫೀಮಿನ ಗಸಗಸೆಯನ್ನು ಬಿತ್ತಿದನು. ಅದಕ್ಕೆ ನೀರು ಕಡಿಮೆ ಸಾಕು, ಒಂದೇ ಹಂಗಾಮಿನಲ್ಲಿ ಕೈಗೆ ಬರುವುದು, ಇಟ್ಟರೆ ಕೆಡದು, ಕೊಳ್ಳುವವನು ಮನೆಬಾಗಿಲಿಗೆ ಮುಂಗಡ ತರುವನು. ಅಫ್ಘಾನರು ಜಗತ್ತಿಗೆ ವಿಷ ಮಾರುತ್ತಾರೆಂದು ನಿಂದಿಸುವವರು ಈ ಹೂಳು ತುಂಬಿದ ಸುರಂಗಗಳನ್ನು ನೋಡಿದವರಲ್ಲ. 2022ರ ಏಪ್ರಿಲಿನಲ್ಲಿ ತಾಲಿಬಾನ್ ಸರಕಾರವು ಆ ಬೆಳೆಯನ್ನು ನಿಷೇಧಿಸಿತು; ಮರುವರ್ಷವೇ ಬಿತ್ತನೆಯು ನೂರಕ್ಕೆ ತೊಂಬತ್ತೈದರಷ್ಟು ಇಳಿಯಿತೆಂದು ವಿಶ್ವಸಂಸ್ಥೆಯ ವರದಿ. ಒಳ್ಳೆಯದೇ ಆಯಿತು; ಆದರೆ ಅದರ ಬದಲಿಗೆ ಒಕ್ಕಲಿಗನು ಉಣ್ಣುವುದೇನೆಂಬುದಕ್ಕೆ ಆ ಸರಕಾರದಲ್ಲಿ ಉತ್ತರವಿರಲಿಲ್ಲ.

ನೆಲದಲ್ಲಿ ಉಳಿದುದು ಹೂಳು ಮಾತ್ರವಲ್ಲ. ವಿಮಾನಗಳಿಂದ ಉದುರಿಸಿದ, ಚಿಟ್ಟೆಯ ಆಕಾರದ ಸಣ್ಣ ಸ್ಫೋಟಕಗಳನ್ನು ಆಟಿಕೆಯೆಂದು ಎತ್ತಿಕೊಂಡ ಮಕ್ಕಳು ಕೈಗಳನ್ನು ಕಳೆದುಕೊಂಡರು. ಹೂತಿಟ್ಟ ನೆಲಬಾಂಬುಗಳು, ಸಿಡಿಯದೆ ಉಳಿದ ಗುಂಡುಗಳು ದನ ಮೇಯಿಸುವ ಹುಡುಗರನ್ನೂ ಸೌದೆ ಆರಿಸುವವರನ್ನೂ ಇಂದಿಗೂ ಕೊಲ್ಲುತ್ತಿವೆ. ಅಂತರರಾಷ್ಟ್ರೀಯ ರೆಡ್ ಕ್ರಾಸಿನವರು 1988ರಲ್ಲಿ ಕಾಬೂಲಿನಲ್ಲಿ ಕೃತಕ ಕೈಕಾಲುಗಳ ಕೇಂದ್ರವನ್ನು ತೆರೆದರು. ಇಟಲಿಯ ಆಲ್ಬೆರ್ಟೊ ಕೈರೊ ಎಂಬವರು 1990ರಲ್ಲಿ ಅಲ್ಲಿಗೆ ಹೋದವರು ಸರಕಾರಗಳು ಎಷ್ಟು ಬದಲಾದರೂ ಆ ಕೆಲಸವನ್ನು ಬಿಟ್ಟು ಬರಲಿಲ್ಲ. ಅಲ್ಲಿ ಕಾಲು ತಯಾರಿಸುವ ಕುಶಲಿಗಳಲ್ಲಿ ಹೆಚ್ಚಿನವರು ತಾವೇ ಕಾಲಿಲ್ಲದೆ ಬಂದವರೆಂಬುದು ಗಮನಾರ್ಹ. ಪರದೇಶೀಯರ ಹಸ್ತಕ್ಷೇಪವೆಂದರೆ ಎಲ್ಲವೂ ಕೇಡಲ್ಲವೆಂಬುದಕ್ಕೆ ಈ ಒಂದು ಮನೆ ಸಾಕ್ಷಿ.

ಸೋವಿಯೆತ್ತರು ಹೋದ ಮೇಲೆ ಅವರೊಡನೆ ಹೋರಾಡಿದ ನಾಯಕರೇ 1992ರಿಂದ 1996ರವರೆಗೆ ಒಬ್ಬರ ಮೇಲೊಬ್ಬರು ರಾಕೆಟ್ಟುಗಳನ್ನೆಸೆದು ಕಾಬೂಲನ್ನು ಮಣ್ಣುಗೂಡಿಸಿದರು. ಅವರ ಹಾವಳಿಗೆ ಬೇಸತ್ತವರಲ್ಲಿ ಹಲವರು ತಾಲಿಬಾನರನ್ನು ಮೊದಲು ಸ್ವಾಗತಿಸಿದರೂ ಅವರ ಆಳ್ವಿಕೆಯ ರುಚಿ ಬೇಗನೆ ತಿಳಿಯಿತು. 2001ರ ಅಕ್ಟೋಬರ್ 7ರಂದು ಅಮೇರಿಕದ ವಿಮಾನಗಳು ಬಂದವು. ಇಪ್ಪತ್ತು ವರ್ಷಗಳ ಆ ಹೊಸ ಯುದ್ಧದ ಕಾಲದಲ್ಲಿ ನಮ್ಮವರು ಮತ್ತೆ ದಂಡಿನ ಹಿಂದೆ ಹೋದರು. ದಕ್ಷಿಣ ಕನ್ನಡ, ಉಡುಪಿಗಳ ಎಷ್ಟೋ ಯುವಕರು ಗಲ್ಫ್ ದೇಶಗಳ ಗುತ್ತಿಗೆದಾರರ ಮೂಲಕ ಕಾಬೂಲ್, ಬಗ್ರಾಮ್, ಕಂದಹಾರಗಳ ಸೇನಾನೆಲೆಗಳಲ್ಲಿ ಅಡುಗೆ, ವಿದ್ಯುತ್ತು, ಉಗ್ರಾಣಗಳ ಕೆಲಸಕ್ಕೆ ಸೇರಿದರು. ಊರಿನಲ್ಲಿ ಮನೆಗೆ ಹಂಚಿನ ಬದಲು ತಾರಸಿ ಬಂದಿತು, ತಂಗಿಯ ಮದುವೆಯಾಯಿತು. ಅವರನ್ನು ದೂರಲು ನಮಗೆ ಬಾಯಿಲ್ಲ. ಹೊಟ್ಟೆಯು ಕರೆದಲ್ಲಿಗೆ ಹೋಗುವುದು ನಮ್ಮೆಲ್ಲರ ಕತೆ.

2021ರ ಆಗಸ್ಟ್ 15ರಂದು ಕಾಬೂಲ್ ತಾಲಿಬಾನರ ವಶವಾದಾಗ ಹೀಗೆ ಹೋದವರಲ್ಲಿ ಕೆಲವರು ಭಾರತೀಯ ವಾಯುದಳದ ವಿಮಾನವೇರಿ ದೆಹಲಿಗೂ ಅಲ್ಲಿಂದ ಮಂಗಳೂರಿಗೂ ಬಂದು ತಾಯಿಯ ಮುಖ ಕಂಡರು. ಅದೇ ವಾರ, ಅದೇ ವಿಮಾನ ನಿಲ್ದಾಣದಲ್ಲಿ, ಓಡುತ್ತಿದ್ದ ಅಮೇರಿಕದ ವಿಮಾನದ ಚಕ್ರಗಳಿಗೆ ಜೋತುಬಿದ್ದು ಆಕಾಶದಿಂದ ಉದುರಿದವರು ಅಫ್ಘಾನರು. ಒಂದೇ ನೆಲೆಯಲ್ಲಿ ಕೆಲಸ ಮಾಡಿದವರಲ್ಲಿ ಪರದೇಶಿಗೆ ಹಿಂತಿರುಗಲು ಊರಿದ್ದಿತು. ಅಫ್ಘಾನನಿಗೆ ಅವನ ಊರೇ ಅಪಾಯವಾಗಿದ್ದಿತು. 26ರಂದು ನಿಲ್ದಾಣದ ಬಾಗಿಲಲ್ಲಿ ಬಾಂಬು ಸಿಡಿದು 13 ಅಮೇರಿಕನ್ ಸೈನಿಕರೂ ಸುಮಾರು 170 ಅಫ್ಘಾನರೂ ಸತ್ತರು. ಅಮೇರಿಕನ್ನರ ಹೆಸರುಗಳೂ ಭಾವಚಿತ್ರಗಳೂ ಎಲ್ಲೆಡೆ ಅಚ್ಚಾದವು. ಅಫ್ಘಾನರದು ಇಂದಿಗೂ ‘ಸುಮಾರು’. 29ರಂದು ಮತ್ತೊಂದು ಬಾಂಬುಗಾರನ ಮೋಟಾರೆಂದು ಭ್ರಮಿಸಿ ಅಮೇರಿಕನ್ನರು ಚಾಲಕನಿಲ್ಲದ ವಿಮಾನದಿಂದ ಹೊಡೆದರು. ಸತ್ತವರು ಒಂದೇ ಮನೆತನದ ಹತ್ತು ಮಂದಿ. ಏಳು ಮಂದಿ ಮಕ್ಕಳು. ಮೋಟಾರಿನಲ್ಲಿದ್ದುದು ನೀರಿನ ಡಬ್ಬಿಗಳು. ತಪ್ಪಾಯಿತೆಂದು ಸೆಪ್ಟೆಂಬರ್ 17ರಂದು ಒಪ್ಪಿಕೊಂಡರು. ಆ ಇಪ್ಪತ್ತು ವರ್ಷಗಳಲ್ಲಿ ನೇರವಾಗಿ ಯುದ್ಧದಿಂದ ಸತ್ತ ಸಾಮಾನ್ಯ ಅಫ್ಘಾನ್ ಪ್ರಜೆಗಳು ಸುಮಾರು 46,000 ಎಂದು ಅಮೇರಿಕದ್ದೇ ಆದ ಬ್ರೌನ್ ವಿಶ್ವವಿದ್ಯಾಲಯದವರ ಗಣನೆ; ಹಸಿವು, ರೋಗಗಳಿಂದ ಸತ್ತವರು ಅದರಲ್ಲಿ ಸೇರಿಲ್ಲ. ಕೊಲಾಬಾದ ಗೋಡೆಯ ರೀತಿ ಬದಲಾಗಲಿಲ್ಲ.

ಬ್ಯಾಂಕಿನ ಮೇಜುಗಳಲ್ಲಿ ಕೂರುವ ನಮ್ಮ ವಾಚಕರಿಗೆ ಮುಂದಿನ ಸಂಗತಿಯ ತೂಕ ಬೇಗನೆ ತಿಳಿದೀತು. ಹಳೆಯ ಸರಕಾರದ ವೆಚ್ಚದಲ್ಲಿ ನಾಲ್ಕರಲ್ಲಿ ಮೂರು ಪಾಲು ಪರದೇಶಗಳ ಸಹಾಯಧನದಿಂದ ನಡೆಯುತ್ತಿದ್ದಿತು. ಅದು ಒಂದೇ ದಿನದಲ್ಲಿ ನಿಂತಿತು. ದೇಶದ ಮೀಸಲು ನಿಧಿಯಲ್ಲಿ ಸುಮಾರು 700 ಕೋಟಿ ಡಾಲರು ಅಮೇರಿಕದಲ್ಲಿತ್ತು, ಅದನ್ನು ತಡೆಹಿಡಿದರು. ತಾಲಿಬಾನರ ಕೈಗೆ ಹಣ ಸಿಗಬಾರದೆಂಬುದು ಕಾರಣ, ಮತ್ತು ಕಾರಣ ಸುಳ್ಳಲ್ಲ. ಆದರೆ ಆಗ ಕಾಬೂಲಿನ ಬ್ಯಾಂಕುಗಳ ಮುಂದೆ ಇರುಳಿನಿಂದಲೇ ಸಾಲುಗಟ್ಟಿ ನಿಂತವರು ತಾಲಿಬಾನರಲ್ಲ; ವಾರಕ್ಕೆ 200 ಡಾಲರಿಗಿಂತ ಹೆಚ್ಚು ತೆಗೆಯುವಂತಿಲ್ಲವೆಂಬ ಕಟ್ಟಿನಲ್ಲಿ ತಮ್ಮದೇ ಉಳಿತಾಯಕ್ಕಾಗಿ ಬೇಡಿಕೊಂಡ ಉಪಾಧ್ಯಾಯರು, ಕಾರಕೂನರು, ವಿಧವೆಯರು. ತಿಂಗಳುಗಟ್ಟಲೆ ಸಂಬಳ ಕಾಣದ ಗುಮಾಸ್ತನು ರತ್ನಗಂಬಳಿಯನ್ನೂ ಹಂಡೆಪಾತ್ರೆಗಳನ್ನೂ ಬೀದಿಬದಿಯಲ್ಲಿ ಹರಡಿ ಮಾರಲು ಕೂತನು. ಮೂವತ್ತನೆಯ ತಾರೀಕಿನ ಪಗಾರದ ಮೇಲೆ ಮನೆಯ ಬಾಡಿಗೆ, ಮಗನ ಫೀಸು, ಊರಿನ ಮನಿಯಾರ್ಡರು ಎಲ್ಲವನ್ನೂ ತೂಗುಹಾಕಿಕೊಂಡಿರುವ ನಾವು ಒಂದು ತಿಂಗಳ ಸಂಬಳ ತಪ್ಪುವುದನ್ನು ಮನಸ್ಸಿನಲ್ಲಿ ಊಹಿಸಿಕೊಂಡರೆ ಸಾಕು.

ಊರಿನ ಮಾತು ಬಂದಿತು. ಮಲಾಡಿನ ಖೋಲಿಯೊಂದರಲ್ಲಿ ಆರು ಜನ ಮಲಗಿ ದಿನ ಕಳೆದವನಿಗೂ, ವರ್ಷಕ್ಕೊಮ್ಮೆ ಜಾತ್ರೆಗೋ ಕೋಲಕ್ಕೋ ಕೊಂಕಣ ರೈಲು ಹಿಡಿದು ಹೋಗಲು ಒಂದು ಮನೆಯ ಜಗಲಿಯುಂಟು. ಪರಸ್ಥಳವಾಸವನ್ನು ಸಹ್ಯಗೊಳಿಸುವುದು ಅದೊಂದೇ. 1990ರ ವೇಳೆಗೆ ಅರುವತ್ತು ಲಕ್ಷಕ್ಕೂ ಹೆಚ್ಚು ಅಫ್ಘಾನರು ಪಾಕಿಸ್ತಾನ, ಇರಾನ್‌ಗಳಲ್ಲಿ ನಿರಾಶ್ರಿತರಾಗಿದ್ದರು. ಅಲ್ಲಿಯೇ ಹುಟ್ಟಿ, ಇಟ್ಟಿಗೆ ಸುಟ್ಟು, ಕಟ್ಟಡಕ್ಕೆ ಕಲ್ಲು ಹೊತ್ತು, ಮಕ್ಕಳನ್ನು ಪಡೆದವರಿಗೆ 2023ರ ಅಕ್ಟೋಬರಿನಲ್ಲಿ ಪಾಕಿಸ್ತಾನವು, ಕಾಗದಪತ್ರವಿಲ್ಲದವರು ನವೆಂಬರ್ 1ರೊಳಗೆ ಹೊರಡಬೇಕೆಂದು ಆಜ್ಞೆ ಮಾಡಿತು. 2025ರಲ್ಲಿ ಇರಾನ್ ಕೂಡ ಲಕ್ಷಲಕ್ಷ ಜನರನ್ನು ಗಡಿಗೆ ಅಟ್ಟಿತು. ಹೋಗಿರಿ ನಿಮ್ಮ ಊರಿಗೆ ಎಂದು ಅಟ್ಟಿಸಿಕೊಂಡವರಲ್ಲಿ ಆ ಊರನ್ನು ಒಮ್ಮೆಯೂ ಕಂಡಿರದ ಯುವಕರೆಷ್ಟೋ. ಪರಪ್ರಾಂತೀಯರು ಹೊರಡಲಿ ಎಂಬ ಕೂಗನ್ನು ಈ ಪಟ್ಟಣದಲ್ಲಿಯೂ ಕೇಳಿ, ಅಂಗಡಿಯ ಬಾಗಿಲನ್ನು ಅರ್ಧ ಇಳಿಸಿ ಕೂತ ದಿನಗಳನ್ನು ನಮ್ಮ ಹೋಟೆಲಿನವರು ಮರೆತಿರಲಾರರು.

ನಮ್ಮವರು ಮುಂಬಯಿಯಲ್ಲಿ ತಲೆಯೆತ್ತಿದ ಬಗೆಯನ್ನು ನೆನೆದರೆ ಅಫ್ಘಾನರ ಇನ್ನೊಂದು ನಷ್ಟವು ಹೆಚ್ಚು ನೋಯಿಸುವುದು. ಹಗಲು ಮೇಜು ಒರಸಿ, ಕಪ್ಪು ಬಸಿ ತೊಳೆದು, ಸಂಜೆ ಕೈಯ ಸಾಬೂನಿನ ವಾಸನೆ ಆರುವ ಮೊದಲೇ ಕನ್ನಡ ರಾತ್ರಿಶಾಲೆಯ ಬೆಂಚಿನ ಮೇಲೆ ಕೂತು, ಮೆಟ್ರಿಕ್ ಮುಗಿಸಿ ಗುಮಾಸ್ತರಾದವರು, ವಕೀಲರಾದವರು ನಮ್ಮಲ್ಲಿ ಒಬ್ಬಿಬ್ಬರಲ್ಲ. ಬಡವನಿಗೆ ಮೇಲೇರುವ ಏಣಿ ಅದೊಂದೇ. ಅಫ್ಘಾನಿಸ್ತಾನದಲ್ಲಿ ಆ ಏಣಿಯನ್ನು ಅರ್ಧ ಜನಾಂಗಕ್ಕೆ ತೆಗೆದುಬಿಟ್ಟಿದ್ದಾರೆ. 2022ರ ಮಾರ್ಚ್ 23ರಂದು ಹೆಣ್ಣುಮಕ್ಕಳ ಪ್ರೌಢಶಾಲೆಗಳು ತೆರೆಯುವುವೆಂದು ಸಾರಿ, ಪುಸ್ತಕ ಹಿಡಿದು ಬಂದ ಹುಡುಗಿಯರನ್ನು ಅದೇ ಬೆಳಗ್ಗೆ ಹಿಂದಕ್ಕೆ ಕಳುಹಿಸಿದರು. ಡಿಸೆಂಬರಿನಲ್ಲಿ ವಿಶ್ವವಿದ್ಯಾಲಯಗಳ ಬಾಗಿಲೂ ಮುಚ್ಚಿತು. 2024ರ ಡಿಸೆಂಬರಿನಲ್ಲಿ ದಾದಿಯರ, ಸೂಲಗಿತ್ತಿಯರ ತರಬೇತನ್ನೂ ನಿಲ್ಲಿಸಿದರು. ಪರಗಂಡಸು ಹೆಂಗಸಿನ ನಾಡಿ ಹಿಡಿಯಬಾರದೆನ್ನುವ ನಾಡಿನಲ್ಲಿ ನಾಳೆ ಹೆರಿಗೆ ಮಾಡಿಸುವವರು ಯಾರೆಂಬ ಪ್ರಶ್ನೆ ಅವರಿಗೆ ಹೊಳೆಯಲಿಲ್ಲ. ಆರನೆಯ ತರಗತಿಯ ಮುಂದೆ ಓದಲಾಗದೆ ಉಳಿದ ಹುಡುಗಿಯರು ಹದಿನಾಲ್ಕು ಲಕ್ಷವೆಂದು 2024ರಲ್ಲಿ ಯುನೆಸ್ಕೊ ಹೇಳಿತು. ಇದು ಯಾವ ಪರದೇಶಿಯೂ ಹೇರಿದುದಲ್ಲ. ಅಫ್ಘಾನರೇ ಅಫ್ಘಾನರಿಗೆ ಮಾಡಿದ ಕೇಡು. ಆದರೆ ಬಂದೂಕು ಹಿಡಿದವನೇ ನ್ಯಾಯಾಧೀಶನೂ ಉಪಾಧ್ಯಾಯನೂ ಆಗುವ ಸ್ಥಿತಿಯು ನಲವತ್ತು ವರ್ಷ ಹೊರಗಿನಿಂದ ಬಂದೂಕು ಹಂಚಿದುದರ ಫಲವಲ್ಲವೆಂದು ಯಾರೂ ಹೇಳಲಾರರು. ಮೈಸೂರು, ಮಂಗಳೂರು, ಧಾರವಾಡ, ಬೆಂಗಳೂರುಗಳಿಗೆ ವಿದ್ಯಾರ್ಥಿವೇತನದ ಮೇಲೆ ಓದಲು ಬಂದಿದ್ದ ಅಫ್ಘಾನ್ ವಿದ್ಯಾರ್ಥಿಗಳು 2021ರ ಆ ದಿನಗಳಲ್ಲಿ, ಪದವಿ ಮುಗಿದರೆ ಹೋಗುವುದೆಲ್ಲಿಗೆಂದು ತಿಳಿಯದೆ, ವೀಸಾ ಮುಂದುವರಿಸಿರೆಂದು ಕೇಳಿಕೊಂಡರು.

ಹಿಂದೆಯೂ ಒಮ್ಮೆ ಹೀಗಾಗಿತ್ತು. ತಾಲಿಬಾನರ ಮೊದಲ ಆಳ್ವಿಕೆಯಲ್ಲಿ ಹೆರಾತ್ ಪಟ್ಟಣದ ಹೆಂಗಸರು ಹೊನ್ನಿನ ಸೂಜಿ ಎಂಬ ಹೆಸರಿನ ಹೊಲಿಗೆ ಶಾಲೆಗೆ ಹೋಗುತ್ತಿದ್ದರು. ಹೊಲಿಗೆ ಕಲಿಯಲು ಆಳುವವರ ಅಭ್ಯಂತರವಿರಲಿಲ್ಲ. ಬುರ್ಖಾ ಹೊದ್ದು, ಚೀಲದಲ್ಲಿ ಬಟ್ಟೆ ಕತ್ತರಿಗಳನ್ನಿಟ್ಟುಕೊಂಡು ಬಂದವರು, ಬಟ್ಟೆಯ ಅಡಿಯಿಂದ ನೋಟುಬುಕ್ಕು ತೆಗೆದು ಕೂತರೆ, ಹೆರಾತ್ ವಿಶ್ವವಿದ್ಯಾಲಯದ ಅಧ್ಯಾಪಕರು ಬಂದು ಸಾಹಿತ್ಯದ ಪಾಠ ಹೇಳುತ್ತಿದ್ದರು. ಹೊರಗೆ ಆ ಮನೆಯ ಮಕ್ಕಳು ಆಟವಾಡುತ್ತಿದ್ದವು. ಮತಾಚಾರದ ಪೋಲೀಸರು ಬೀದಿಯ ತಿರುವಿನಲ್ಲಿ ಕಂಡರೆ ಒಂದು ಮಗು ಒಳಗೆ ಓಡಿ ಬರುವುದು. ಅಧ್ಯಾಪಕರು ಮರೆಗೆ ಸರಿಯುವರು. ಪುಸ್ತಕಗಳು ಮುಚ್ಚಿ, ಬಟ್ಟೆಯೂ ಸೂಜಿಯೂ ಮಡಿಲಿಗೆ ಬರುವುವು. ಈಗಲೂ ಕಾಬೂಲಿನ ಮನೆಗಳಲ್ಲಿ, ಬೇರೆ ಪಟ್ಟಣಗಳಲ್ಲಿ, ಅಂಥ ಗುಟ್ಟಿನ ಪಾಠಗಳು ಮತ್ತೆ ನಡೆಯುತ್ತಿವೆ. ಹುಡುಗಿಯರು ಒಟ್ಟಿಗೆ ಬರುವುದಿಲ್ಲ. ಒಬ್ಬೊಬ್ಬರಾಗಿ, ಬೇರೆ ಬೇರೆ ಹೊತ್ತಿಗೆ, ಬೇರೆ ಬೇರೆ ದಾರಿಯಿಂದ ಬರುತ್ತಾರೆ.